ಊರು ಬಿಡದ ಮೆನ್ಝೆಲ್, ಮತ್ತು ನಿಮ್ಮ ಪ್ರಶ್ನೆಗಳು

ಹೋದ ಸಂಚಿಕೆಯಲ್ಲಿ ಕುಂಬಳೆ ಸ್ಟೇಷನ್ನಿನ ಬಗ್ಗೆ ಬರೆಯುವಾಗ ಸುಮ್ನೆ ಎರಡು ಸಾಲಿನಲ್ಲಿ ಒಬ್ಬ ಚೆಕ್ ನಿರ್ದೇಶಕರ ಹೆಸರು ಹಾಕಿದ್ದೆ. ಒಂದು ಪುಟ್ಟ ರೈಲ್ವೆ ಸ್ಟೇಷನ್ನಿನಲ್ಲೇ ಇಡೀ ಯುದ್ಧವನ್ನು ತೋರಿಸಿದವರು ಅಂತ ಬರೆದಿದ್ದೆ, ಅಷ್ಟೇ. ಅದಕ್ಕೆ ಇಷ್ಟು ಪತ್ರ ಬರುತ್ತದೆ ಅಂತ ಗೊತ್ತಿದ್ದರೆ ನಾಲ್ಕು ಸಾಲು ಜಾಸ್ತಿಯೇ ಬರೆಯುತ್ತಿದ್ದೆ. ಇರಲಿ. ಅಡಿಕೆಯ ಹಳದಿ ರೋಗ, ಪಿಂಚಣಿ, ಮಗಳ ಕಾಲೇಜು ಸೀಟು, ಈ ಪ್ರಶ್ನೆಗಳೆಲ್ಲ ಮುಂದಿನ ತಿಂಗಳಿಗೆ ಹೋಗಿವೆ. ಈ ಸಲ ಪೂರ್ತಿ ಜಾಗ ಯಿರ್ಝಿ ಮೆನ್ಝೆಲ್‌ಗೆ.

ಪ್ರಶ್ನೆ (ಬದಿಯಡ್ಕದ ನಿವೃತ್ತ ಮೇಷ್ಟ್ರು): ನೀವು ‘ಯಿರ್ಝಿ’ ಅಂತ ಬರೆದಿದ್ದೀರಿ. ನನ್ನ ಮೊಮ್ಮಗ ಮೊಬೈಲಿನಲ್ಲಿ ನೋಡಿ ‘ಜಿರಿ’ ಅನ್ನುತ್ತಾನೆ. ಯಾವುದು ಸರಿ?

ಮೊಮ್ಮಗನನ್ನು ಬೈಯಬೇಡಿ ಮೇಷ್ಟ್ರೇ. ಇಂಗ್ಲಿಷ್ ಓದಿದವರೆಲ್ಲ ಹಾಗೇ ಓದುತ್ತಾರೆ. ಚೆಕ್ ಭಾಷೆಯಲ್ಲಿ ‘ಜೆ’ ಅಕ್ಷರಕ್ಕೆ ನಮ್ಮ ‘ಯ’ ಉಚ್ಚಾರ. ‘ಆರ್’ ಮೇಲೆ ಒಂದು ಸಣ್ಣ ಕೊಕ್ಕೆ ಇದ್ದರೆ ‘ರ’ವನ್ನೂ ‘ಝ’ವನ್ನೂ ಒಂದೇ ಉಸಿರಿನಲ್ಲಿ ಹೇಳಬೇಕು. ಅಲ್ಲಿನ ಮಕ್ಕಳಿಗೂ ಆ ಅಕ್ಷರ ಬೇಗ ನಾಲಿಗೆಗೆ ಹತ್ತುವುದಿಲ್ಲ. ನಮ್ಮ ಕಡೆಯವರಿಗೆ ಇದನ್ನು ವಿವರಿಸುವುದು ಸುಲಭ. ಮಲೆಯಾಳದಲ್ಲಿ ಮಳೆಗೆ ಹೇಳುವ ಶಬ್ದದ ಕೊನೆಯ ಅಕ್ಷರ ನಮ್ಮ ನಾಲಿಗೆಗೆ ಗೊತ್ತುಂಟು, ಕನ್ನಡದಲ್ಲಿ ಬರೆಯಲು ಹೋದರೆ ಮಾತ್ರ ಕೈ ನಿಲ್ಲುತ್ತದೆ. ಬೆಂಗಳೂರಿನವರು ಇಂಗ್ಲಿಷ್ ಬೋರ್ಡು ನೋಡಿ ‘ಕೋಝಿಕೋಡ್’ ಅಂದಾಗ ನಾವು ಒಳಗೊಳಗೇ ನಗುತ್ತೇವೆ. ‘ಜಿರಿ’ ಅಂದರೆ ಪ್ರಾಗ್‌ನವರೂ ಹಾಗೇ ನಗುತ್ತಾರೆ. ನಾನು ಬರೆದ ‘ಯಿರ್ಝಿ’ಯೂ ಪೂರ್ತಿ ಸರಿಯಲ್ಲ. ಹತ್ತಿರ ಹತ್ತಿರ.

ಪ್ರಶ್ನೆ (ಮುಳ್ಳೇರಿಯದ ಕೃಷಿಕರು): ಈ ಮನುಷ್ಯ ಯಾರು, ಏನು ಮಾಡಿದರು? ನಮಗೆ ಸಿನಿಮಾ ಅಷ್ಟು ಗೊತ್ತಿಲ್ಲ. ಶುರುವಿನಿಂದ ಹೇಳಿ.

ಹುಟ್ಟಿದ್ದು 1938ರ ಫೆಬ್ರವರಿ 23ರಂದು, ಪ್ರಾಗ್ ನಗರದಲ್ಲಿ. ಅಪ್ಪ ಬರಹಗಾರ. ಹುಡುಗನಿಗೆ ನಾಟಕದ ಹುಚ್ಚು, ಆದರೆ ನಾಟಕ ಶಾಲೆಯಲ್ಲಿ ಸೀಟು ಸಿಗಲಿಲ್ಲ. ಹಾಗಾಗಿ ಪ್ರಾಗ್‌ನ ಸಿನಿಮಾ ಶಾಲೆ ‘ಫಾಮು’ಗೆ ಸೇರಿದ್ದು. ಒಟಕರ್ ವಾವ್ರಾ ಅಲ್ಲಿ ಮೇಷ್ಟ್ರು, ವ್ಯೆರಾ ಖಿತಿಲೋವಾ, ಎವಾಲ್ಡ್ ಶೋರ್ಮ್ ಸಹಪಾಠಿಗಳು. ಮುಂದೆ ‘ಚೆಕ್ ಹೊಸ ಅಲೆ’ ಅಂತ ಲೋಕವೇ ಕರೆದದ್ದು ಈ ಗುಂಪಿನವರನ್ನು. 1966ರಲ್ಲಿ, 28ನೇ ವಯಸ್ಸಿನಲ್ಲಿ, ಮೊದಲ ಪೂರ್ಣ ಉದ್ದದ ಸಿನಿಮಾ ಮಾಡಿದರು. ನಾನು ಹೋದ ಸಲ ಹೇಳಿದ ರೈಲಿನ ಸಿನಿಮಾ ಅದೇ. ಹೆಸರನ್ನು ಕನ್ನಡಕ್ಕೆ ತಂದರೆ ‘ಕಣ್ಣಿಟ್ಟು ಕಾಯುವ ರೈಲುಗಳು’ ಅನ್ನಬಹುದು. 1968ರ ಏಪ್ರಿಲಿನಲ್ಲಿ ಅದಕ್ಕೆ ವಿದೇಶಿ ಭಾಷೆಯ ಆಸ್ಕರ್ ಬಂತು. ಅದೇ ವರ್ಷ ಆಗಸ್ಟಿನಲ್ಲಿ ಸೋವಿಯತ್ ಟ್ಯಾಂಕುಗಳು ಪ್ರಾಗ್‌ಗೆ ಬಂದವು. ಎರಡರ ನಡುವೆ ನಾಲ್ಕೇ ತಿಂಗಳು!

ಇನ್ನೊಂದು ವಿಷಯ, ಇದು ನಿಮಗೆ ನನಗಿಂತ ಚೆನ್ನಾಗಿ ಅರ್ಥವಾಗುತ್ತದೆ. ಮೆನ್ಝೆಲ್ ಹುಟ್ಟಿದ್ದು ಸ್ವತಂತ್ರ ಚೆಕೊಸ್ಲೊವಾಕಿಯಾದಲ್ಲಿ. ಒಂದು ವರ್ಷ ತುಂಬಿದ ಮೇಲೆ ಜರ್ಮನ್ನರು ಬಂದರು. 1945ರಲ್ಲಿ ಅವರು ಹೋದರು. 1948ರಲ್ಲಿ ಕಮ್ಯುನಿಸ್ಟ್ ಆಡಳಿತ ಬಂತು, 1989ರಲ್ಲಿ ಅದೂ ಹೋಯಿತು, 1993ರ ಜನವರಿ 1ಕ್ಕೆ ದೇಶವೇ ಎರಡಾಯಿತು. ಇವರು ಇದ್ದದ್ದು ಮಾತ್ರ ಅದೇ ಪ್ರಾಗ್‌ನಲ್ಲಿ. ಈಗ 1938ರಲ್ಲಿ ಮುಳ್ಳೇರಿಯದಲ್ಲಿ ಹುಟ್ಟಿದ ಒಬ್ಬ ಅಜ್ಜನನ್ನು ನೆನಪು ಮಾಡಿಕೊಳ್ಳಿ. ಮೊದಲು ಮದ್ರಾಸಿನ ಕೆಳಗೆ ದಕ್ಷಿಣ ಕನ್ನಡ, 1956ರ ನವೆಂಬರ್ 1ಕ್ಕೆ ಕೇರಳ, ಆಮೇಲೆ ಕಣ್ಣೂರು ಜಿಲ್ಲೆ, 1984ರಲ್ಲಿ ಕಾಸರಗೋಡು ಜಿಲ್ಲೆ. ಅಜ್ಜ ತೋಟದ ಬೇಲಿ ದಾಟಿರುವುದಿಲ್ಲ, ವಿಳಾಸ ಮಾತ್ರ ಬದಲಾಗುತ್ತಾ ಬಂದಿರುತ್ತದೆ. ನಮ್ಮ ಮೇಲೆ ಯಾರೂ ಟ್ಯಾಂಕು ತರಲಿಲ್ಲ, ಆದ್ದರಿಂದ ಹೋಲಿಕೆಯನ್ನು ತೀರಾ ಎಳೆಯುವುದು ಬೇಡ. ಆದರೂ ಮೆನ್ಝೆಲ್ ಸಿನಿಮಾ ನೋಡುವಾಗ ನನಗೆ ಆ ಅಜ್ಜನೇ ನೆನಪಾಗುತ್ತಾರೆ. ಮೇಲೆ ಸರಕಾರ ಬದಲಾಗುತ್ತದೆ, ಕೆಳಗೆ ಇವರು ದನಕ್ಕೆ ಹುಲ್ಲು ಹಾಕುತ್ತಿರುತ್ತಾರೆ.

ಪ್ರಶ್ನೆ (ಕುಂಬಳೆಯ ಗೃಹಿಣಿ): ರೈಲಿನ ಸಿನಿಮಾದ ಕತೆ ಏನು? ಮನೆಮಂದಿಯೆಲ್ಲ ಕೂತು ನೋಡಬಹುದಾ?

ಎರಡನೆಯದಕ್ಕೆ ಮೊದಲು ಉತ್ತರ ಕೊಡುತ್ತೇನೆ ಅಮ್ಮ. ಅತ್ತೆ ಮಾವನ ಜೊತೆ ಬೇಡ. ಮಕ್ಕಳನ್ನು ಮಲಗಿಸಿ ನೀವಿಬ್ಬರೇ ನೋಡಿ.

ಕತೆ ನಡೆಯುವುದು 1945ರಲ್ಲಿ, ಜರ್ಮನ್ನರ ಆಳ್ವಿಕೆ ಮುಗಿಯುವ ಹೊತ್ತಿಗೆ, ಒಂದು ಹಳ್ಳಿ ಸ್ಟೇಷನ್ನಿನಲ್ಲಿ. ಮಿಲೋಶ್ ಅನ್ನುವ ಹುಡುಗ ಹೊಸದಾಗಿ ರೈಲ್ವೆ ಕೆಲಸಕ್ಕೆ ಸೇರಿದ್ದಾನೆ. ಅಮ್ಮ ಅವನ ತಲೆಗೆ ಟೋಪಿ ಇಡುವುದು ಪಟ್ಟಾಭಿಷೇಕದ ಹಾಗೆ ಇದೆ! ಅವನ ಮನೆತನದಲ್ಲಿ ಯಾರೂ ಮೈ ಬಗ್ಗಿಸಿ ದುಡಿದವರಲ್ಲ. ಅಜ್ಜ ವಶೀಕರಣ ವಿದ್ಯೆಯವರು. ಜರ್ಮನ್ ಟ್ಯಾಂಕುಗಳನ್ನು ಕಣ್ಣಿನ ಶಕ್ತಿಯಿಂದಲೇ ತಡೆಯುತ್ತೇನೆ ಅಂತ ರಸ್ತೆಗೆ ಹೋಗಿ ನಿಂತರು. ಟ್ಯಾಂಕು ನಿಲ್ಲಲಿಲ್ಲ. ಅಪ್ಪ ಬೇಗ ಪಿಂಚಣಿ ತೆಗೆದುಕೊಂಡು ಸೋಫಾದ ಮೇಲೆ ಮಲಗಿದ್ದಾರೆ. ಸ್ಟೇಷನ್ ಮಾಸ್ಟರರಿಗೆ ಪಾರಿವಾಳ ಸಾಕುವ ಚಟ. ಇನ್ನೊಬ್ಬ ಗುಮಾಸ್ತ ರಾತ್ರಿ ಪಾಳಿಯಲ್ಲಿ ತಂತಿ ಕಳಿಸುವ ಹುಡುಗಿಯ ಮೈಮೇಲೆ, ಎಲ್ಲಿ ಅಂತ ಕೇಳಬೇಡಿ, ಕಚೇರಿಯ ಸೀಲುಗಳನ್ನೆಲ್ಲ ಒತ್ತುತ್ತಾನೆ. ಅದರ ಮೇಲೆ ದೊಡ್ಡ ವಿಚಾರಣೆಯೂ ನಡೆಯುತ್ತದೆ. ಅಧಿಕಾರಿಗಳಿಗೆ ಹುಡುಗಿಯ ಮಾನದ ಚಿಂತೆಗಿಂತ ಆ ಸೀಲಿನಲ್ಲಿದ್ದ ಜರ್ಮನ್ ಭಾಷೆಗೆ ಅವಮಾನ ಆಯಿತಲ್ಲ ಅನ್ನುವ ಚಿಂತೆಯೇ ಜಾಸ್ತಿ.

ಮಿಲೋಶನ ಚಿಂತೆ ಒಂದೇ, ತಾನು ಗಂಡಸು ಹೌದೋ ಅಲ್ಲವೋ. ಒಂದು ರಾತ್ರಿ ಹುಡುಗಿಯ ಎದುರು ಸೋತು, ಮಾರನೆಯ ದಿನ ಕೈ ಕೊಯ್ದುಕೊಳ್ಳುತ್ತಾನೆ. ಹೇಗೋ ಬದುಕುತ್ತಾನೆ. ಆಗ ಬುದ್ಧಿ ಹೇಳುವ ಡಾಕ್ಟರ ಪಾತ್ರ ಮಾಡಿದ್ದು ಸ್ವತಃ ಮೆನ್ಝೆಲ್. ಅವರು ಕೊಡುವ ಮದ್ದು, ಆ ಹೊತ್ತಿನಲ್ಲಿ ಫುಟ್‌ಬಾಲ್ ಬಗ್ಗೆ ಯೋಚಿಸು! ಕೊನೆಗೆ ಈ ಹುಡುಗನ ಕೈಗೇ ಒಂದು ಬಾಂಬು ಬರುತ್ತದೆ, ಜರ್ಮನ್ನರ ಮದ್ದುಗುಂಡಿನ ರೈಲಿಗೆ ಹಾಕಲು. ಮುಂದಿನದ್ದನ್ನು ಹೇಳಿದರೆ ನೀವು ನೋಡುವುದಿಲ್ಲ. ಇಷ್ಟು ಮಾತ್ರ ಹೇಳುತ್ತೇನೆ, ಕೊನೆಯಲ್ಲಿ ಗಾಳಿಗೆ ಉರುಳಿಕೊಂಡು ಬರುವ ಒಂದು ಟೋಪಿ ಉಂಟು. ಅಮ್ಮ ತಲೆಗಿಟ್ಟ ಟೋಪಿಯೇ ಅದು.

ಪ್ರಶ್ನೆ (ಮಂಜೇಶ್ವರದ ಕಾಲೇಜು ವಿದ್ಯಾರ್ಥಿ): ಮಿಲೋಶ್ ಫೋರ್ಮನ್ ದೇಶ ಬಿಟ್ಟು ಹೋಗಿ ಅಮೆರಿಕದಲ್ಲಿ ದೊಡ್ಡ ಹೆಸರು ಮಾಡಿದರು. ಮೆನ್ಝೆಲ್ ಅಲ್ಲೇ ಉಳಿದು ಸರಕಾರದ ಜೊತೆ ರಾಜಿಯಾದರು ಅಂತ ನಮ್ಮ ಗೆಳೆಯರ ಗುಂಪಿನಲ್ಲಿ ಜಗಳ ಆಯಿತು. ಅದು ಹೇಡಿತನ ಅಲ್ವಾ?

ಜಗಳ ಒಳ್ಳೆಯದೇ, ಆದರೆ ತೀರ್ಪು ಕೊಡುವ ಮೊದಲು ಸ್ವಲ್ಪ ವಿವರ ನೋಡಿ.

ಟ್ಯಾಂಕುಗಳು ಬಂದಾಗ ಫೋರ್ಮನ್ ಪ್ಯಾರಿಸ್‌ನಲ್ಲಿದ್ದರು. ಅದೇ ಹೊಸ ಅಲೆಯ ಇನ್ನೊಬ್ಬ ನಿರ್ದೇಶಕ ಇವಾನ್ ಪಾಸೆರ್ ಕೂಡ ಸ್ವಲ್ಪ ಸಮಯದಲ್ಲೇ ಅಮೆರಿಕಕ್ಕೆ ಹೋದರು. ಫೋರ್ಮನ್‌ಗೆ ಅಲ್ಲಿ ನಿರ್ದೇಶನಕ್ಕೆ ಎರಡು ಆಸ್ಕರ್ ಬಂತು. ಮೆನ್ಝೆಲ್ ಕೈಯಲ್ಲೂ ಆಗಷ್ಟೇ ಬಂದ ಆಸ್ಕರ್ ಇತ್ತು. ಅದನ್ನು ತೋರಿಸಿದ್ದರೆ ಎಲ್ಲಾದರೂ ಬಾಗಿಲು ತೆರೆಯುತ್ತಿತ್ತು. ಇವರು ಹೋಗಲಿಲ್ಲ. ಉಳಿದದ್ದಷ್ಟೇ ಅಲ್ಲ, ಟ್ಯಾಂಕುಗಳು ಬಂದ ಮೇಲೆ, 1969ರಲ್ಲಿ, ‘ದಾರದಲ್ಲಿ ಕಟ್ಟಿದ ಬಾನಾಡಿಗಳು’ ಅನ್ನಬಹುದಾದ ಸಿನಿಮಾ ಮಾಡಿದರು. ಅದು ನಡೆಯುವುದು ಒಂದು ಗುಜರಿ ರಾಶಿಯ ನಡುವೆ. ಕ್ಲಾದ್ನೊ ಅನ್ನುವ ಉಕ್ಕಿನ ಊರು, 1950ರ ಆಸುಪಾಸಿನ ಕಾಲ. ತತ್ವಶಾಸ್ತ್ರದ ಪ್ರೊಫೆಸರು, ಸ್ಯಾಕ್ಸೊಫೋನ್ ನುಡಿಸುವವನು, ಹೀಗೆ ಸರಕಾರಕ್ಕೆ ಹಿಡಿಸದವರನ್ನೆಲ್ಲ ‘ತಿದ್ದಲು’ ಅಲ್ಲಿ ಗುಜರಿ ಹೆಕ್ಕಲು ಹಾಕಿದ್ದಾರೆ. ಪಕ್ಕದಲ್ಲೇ ದೇಶ ಬಿಟ್ಟು ಓಡಲು ಹೋಗಿ ಸಿಕ್ಕಿಬಿದ್ದ ಹೆಂಗಸರು, ಅವರೂ ಕೈದಿಗಳು. ಹಳೆ ಟೈಪ್‌ರೈಟರುಗಳು, ಶಿಲುಬೆಗಳು ಎಲ್ಲ ಕರಗಲು ಹೋಗುತ್ತವೆ. ಈ ಜನ ಮಾತ್ರ ಅಲ್ಲೇ ಬೆಂಕಿ ಕಾಯಿಸುತ್ತಾ ತಮಾಷೆ ಮಾಡುತ್ತಾರೆ, ಪ್ರೀತಿ ಮಾಡುತ್ತಾರೆ. ಸರಕಾರದ ಸ್ಟುಡಿಯೋದಲ್ಲಿ, ಸರಕಾರದ ದುಡ್ಡಿನಲ್ಲಿ, ಸರಕಾರದ ಮುಖಕ್ಕೇ ಕನ್ನಡಿ ಹಿಡಿದದ್ದು. ನಮ್ಮ ಯಕ್ಷಗಾನದ ಆಟದಲ್ಲಿ ಹಾಸ್ಯಗಾರ ಮಾತ್ರ ರಾಜನ ಎದುರು ಬಾಯಿ ಬಿಟ್ಟು ಹೇಳಬಹುದಲ್ವಾ, ಆ ರೀತಿ. ಆದರೆ ಇಲ್ಲಿ ರಾಜನಿಗೆ ನಗು ಬರಲಿಲ್ಲ. ಸಿನಿಮಾವನ್ನು ಕಪಾಟಿನಲ್ಲಿಟ್ಟು ಬೀಗ ಹಾಕಿದರು. ಅದು ಹೊರಬಂದದ್ದು 1990ರಲ್ಲಿ. ಆ ವರ್ಷ ಬರ್ಲಿನ್ ಚಿತ್ರೋತ್ಸವದಲ್ಲಿ ಚಿನ್ನದ ಕರಡಿ ಪ್ರಶಸ್ತಿಯನ್ನು ಇನ್ನೊಂದು ಸಿನಿಮಾದ ಜೊತೆ ಹಂಚಿಕೊಂಡಿತು. 21 ವರ್ಷ ಹಳೆಯ ಸಿನಿಮಾಕ್ಕೆ!

ಆಮೇಲೆ ಐದು ವರ್ಷ ಅವರಿಗೆ ಸಿನಿಮಾ ಮಾಡಲು ಬಿಡಲಿಲ್ಲ. ನಾಟಕ ಮಾಡಿಕೊಂಡಿದ್ದರು. 1974ರಲ್ಲಿ ಮತ್ತೆ ಅವಕಾಶ ಸಿಕ್ಕಾಗ ಮಾಡಿದ್ದು ಅಣೆಕಟ್ಟು ಕಟ್ಟುವ ಕೆಲಸಗಾರರ ಬಗ್ಗೆ ಒಂದು ಸಿನಿಮಾ, ಮೇಲಿನವರಿಗೆ ಬೇಕಾದ ಹಾಗೆ. ಅದು ಸಪ್ಪೆ, ಉಪ್ಪಿಲ್ಲದ ಗಂಜಿ. ನಿಮ್ಮ ಗೆಳೆಯರು ‘ರಾಜಿ’ ಅನ್ನುವುದು ಇದನ್ನೇ ಇರಬೇಕು. ಹೌದು, ರಾಜಿಯೇ. ನಾನು ಅದನ್ನು ಮುಚ್ಚಿಡುವುದಿಲ್ಲ.

ಆದರೆ ಆ ಗಂಜಿ ಕುಡಿದದ್ದರಿಂದ ಮುಂದೆ ಏನೇನು ಬಂತು ನೋಡಿ. ಬಿಯರ್ ಕಾರ್ಖಾನೆಯ ಅಂಗಳದಲ್ಲಿ ಉದ್ದ ಕೂದಲಿನ ಒಬ್ಬ ಹೆಂಗಸು ಸೈಕಲ್ ಹೊಡೆಯುವ ಸಿನಿಮಾ, ರೈಲಿನ ಸಿನಿಮಾದ ಮೂಲ ಕಾದಂಬರಿ ಬರೆದ ಬೊಹುಮಿಲ್ ಹ್ರಬಾಲ್ ಅವರ ಕತೆಯದ್ದೇ. 1985ರಲ್ಲಿ ‘ನನ್ನ ಮುದ್ದು ಪುಟ್ಟ ಹಳ್ಳಿ’. ಇದನ್ನು ಬರೆದವರು ಜ್ದೆನ್ಯೆಕ್ ಸ್ವ್ಯೆರಾಕ್, ಆಸ್ಕರ್ ಕೊನೆಯ ಪಟ್ಟಿಗೂ ಹೋಯಿತು. ದಪ್ಪ ಲಾರಿ ಡ್ರೈವರ್ ಪಾವೆಕ್, ಅವನ ಜೊತೆಗೆ ಬುದ್ಧಿ ಸ್ವಲ್ಪ ಕಮ್ಮಿಯಿರುವ ಉದ್ದ ಸಪೂರ ಹುಡುಗ ಓತಿಕ್. ಬೆಳಿಗ್ಗೆ ಇಬ್ಬರೂ ಒಂದೇ ಹೆಜ್ಜೆಗೆ ಹೆಜ್ಜೆ ಹಾಕಿ ಕೆಲಸಕ್ಕೆ ಹೋಗುತ್ತಾರೆ. ಪಾವೆಕ್‌ಗೆ ಬಿಯರ್ ಸರಿಯಾದ ತಂಪಿನಲ್ಲಿ ಬೇಕು, ಅದಕ್ಕೆ ನೆಲಮಾಳಿಗೆಯ ಏಳನೇ ಮೆಟ್ಟಿಲಿನಲ್ಲೇ ಇಡಬೇಕು, ಆರನೆಯದ್ದಲ್ಲ ಎಂಟನೆಯದ್ದೂ ಅಲ್ಲ. ಪ್ರಾಗ್‌ನ ಒಬ್ಬ ದೊಡ್ಡ ಮನುಷ್ಯನಿಗೆ ಓತಿಕ್‌ನ ಮನೆ ವಾರದ ರಜೆ ಕಳೆಯಲು ಬೇಕು, ಹಾಗಾಗಿ ಅವನನ್ನು ಪಟ್ಟಣಕ್ಕೆ ಸಾಗಿಸುವ ಉಪಾಯ ನಡೆಯುತ್ತದೆ. ಆ ಕಾಲದ ಲಂಚ, ವಶೀಲಿ ಎಲ್ಲ ಅದರಲ್ಲಿ ಉಂಟು, ಆದರೆ ಎಲ್ಲೂ ಭಾಷಣ ಇಲ್ಲ. ನಮ್ಮೂರಿನವರಿಗೆ ಇನ್ನೊಂದು ಖುಷಿಯ ಸಂಗತಿ, ಈ ಅಪ್ಪಟ ಚೆಕ್ ಹಳ್ಳಿಯ ಪಾವೆಕ್ ಪಾತ್ರ ಮಾಡಿದ ಮರಿಯಾನ್ ಲಬುದಾ ಸ್ಲೊವಾಕ್ ನಟ, ಓತಿಕ್ ಆಗಿದ್ದ ಯಾನೋಶ್ ಬಾನ್ ಹಂಗೇರಿಯವರು. ಏಳು ಭಾಷೆಯ ಊರು ಅಂತ ಹೇಳಿಕೊಳ್ಳುವ ನಾವು ಇದನ್ನು ನೋಡಿ ಚಪ್ಪಾಳೆ ಹೊಡೆಯಲೇಬೇಕು.

ಹೋದವರದ್ದು ಧೈರ್ಯ, ಉಳಿದವರದ್ದು ಹೇಡಿತನ ಅನ್ನುವ ಲೆಕ್ಕ ನನಗೆ ಒಪ್ಪಿಗೆ ಇಲ್ಲ. ಖಿತಿಲೋವಾ ಕೂಡ ಉಳಿದರು, ಅವರದ್ದು ನೇರ ಜಗಳದ ದಾರಿ. ಮೆನ್ಝೆಲ್‌ದ್ದು ಬಗ್ಗಿ, ನಕ್ಕು, ಸಂದು ನೋಡಿ ನುಸುಳುವ ದಾರಿ. ನನಗೆ ಯಾವುದು ಹತ್ತಿರ ಅಂತ ಕೇಳಿದರೆ ಎರಡನೆಯದ್ದು, ಯಾಕೆಂದರೆ ನನಗೂ ನೇರ ಜಗಳ ಬರುವುದಿಲ್ಲ. ನಿಮ್ಮ ಗೆಳೆಯರಿಗೆ ಹೀಗೆ ಹೇಳಿ ನೋಡಿ. ಜಗಳ ಮುಗಿಯಲಿಕ್ಕಿಲ್ಲ.

ಪ್ರಶ್ನೆ (ಉಪ್ಪಳದ ಹೋಟೆಲಿನವರು): ಇವರು ಯಾರಿಗೋ ಕೋಲಿನಿಂದ ಹೊಡೆದರಂತೆ, ಹೌದಾ?

ಹೌದು, ಹೊಡೆದರು. 1998ರಲ್ಲಿ, ಕಾರ್ಲೊವಿ ವಾರಿ ಚಿತ್ರೋತ್ಸವದಲ್ಲಿ, ಜನರ ಎದುರೇ, ಒಬ್ಬ ನಿರ್ಮಾಪಕರಿಗೆ. ಹ್ರಬಾಲ್ ಅವರ ‘ಇಂಗ್ಲೆಂಡಿನ ರಾಜನಿಗೆ ಬಡಿಸಿದವನು ನಾನು’ ಕಾದಂಬರಿಯ ಹಕ್ಕಿನ ವಿಷಯದಲ್ಲಿ ವರ್ಷಗಟ್ಟಲೆ ಎಳೆದಾಟ ನಡೆದಿತ್ತು. ಹ್ರಬಾಲ್ 1997ರಲ್ಲೇ ತೀರಿಹೋಗಿದ್ದರು. ಇಷ್ಟು ಮೆತ್ತಗಿನ ಸಿನಿಮಾ ಮಾಡುವವರ ಕೈಯಲ್ಲಿ ಬೆತ್ತ ಹೇಗೆ ಬಂತು ಅಂತ ನನಗೂ ಆಶ್ಚರ್ಯ. ಕೊನೆಗೆ ಆ ಸಿನಿಮಾವನ್ನು ಅವರೇ ಮಾಡಿದರು, 2007ರಲ್ಲಿ ಬರ್ಲಿನ್‌ಗೂ ಹೋಯಿತು. ಕೋಟ್ಯಧಿಪತಿ ಆಗಬೇಕು ಅಂತ ಆಸೆಪಡುವ ಒಬ್ಬ ಗಿಡ್ಡ ವೇಟರನ ಕತೆ. ಕೋಟಿ ಕೂಡಿಹಾಕುವಷ್ಟರಲ್ಲಿ ಕಮ್ಯುನಿಸ್ಟರು ಬರುತ್ತಾರೆ. ಹದಿನೈದು ಮಿಲಿಯ ಇದ್ದದ್ದಕ್ಕೆ ಹದಿನೈದು ವರ್ಷ ಜೈಲು, ಮಿಲಿಯಕ್ಕೆ ಒಂದು ವರ್ಷದ ಲೆಕ್ಕ. ಹೋಟೆಲಿನವರಾದ ನೀವು ಇದನ್ನು ನೋಡಲೇಬೇಕು. ಬಡಿಸುವ ದೃಶ್ಯಗಳು ಯಕ್ಷಗಾನದ ಕುಣಿತದ ಹಾಗೆ ಇವೆ. ಒಬ್ಬ ವೇಟರ್ ತಟ್ಟೆ ಬೀಳಿಸಿದ ಮೇಲೆ ಏನಾಗುತ್ತದೆ ಅನ್ನುವುದನ್ನು ನಿಮ್ಮ ಹುಡುಗರಿಗೆ ಮಾತ್ರ ತೋರಿಸಬೇಡಿ.

ಪ್ರಶ್ನೆ (ನೀರ್ಚಾಲಿನ ಓದುಗರು): ಇವರು ನಮ್ಮ ದೇಶಕ್ಕೆ ಬಂದದ್ದುಂಟಾ?

ನಮ್ಮ ರಾಜ್ಯಕ್ಕೇ ಸಂಬಂಧ ಉಂಟು! 2016ರ ಡಿಸೆಂಬರಿನಲ್ಲಿ ತಿರುವನಂತಪುರದ ಕೇರಳ ಅಂತಾರಾಷ್ಟ್ರೀಯ ಚಿತ್ರೋತ್ಸವದಲ್ಲಿ ಜೀವಮಾನದ ಸಾಧನೆಯ ಪ್ರಶಸ್ತಿ ಮೆನ್ಝೆಲ್ ಅವರಿಗೇ. ನಾನು ರಾತ್ರಿ ರೈಲಿಗೆ ಟಿಕೆಟ್ ಮಾಡಿಸಿ, ಅಡಿಕೆ ಕೊಯ್ಲಿಗೆ ಜನ ಸಿಕ್ಕಿದ್ದು ಅದೇ ವಾರ ಆದ್ದರಿಂದ, ಟಿಕೆಟ್ ಕ್ಯಾನ್ಸಲ್ ಮಾಡಿದೆ. ಮರದ ಮೇಲಿನ ಗೊನೆ ಕಾಯುವುದಿಲ್ಲವಲ್ಲ. 2020ರ ಸೆಪ್ಟೆಂಬರ್ 5ರಂದು, 82ನೇ ವಯಸ್ಸಿನಲ್ಲಿ, ಅವರು ತೀರಿಹೋದರು ಅಂತ ಓದಿದಾಗ ಆ ಟಿಕೆಟ್ಟೇ ನೆನಪಾದದ್ದು.

ಇನ್ನೊಂದು ಸಂಬಂಧ ಇದಕ್ಕಿಂತ ದೊಡ್ಡದು. ಶಿವೇಂದ್ರ ಸಿಂಗ್ ಡುಂಗರ್‌ಪುರ್ ಅಂತ ನಮ್ಮ ದೇಶದ ನಿರ್ದೇಶಕರು. ಪುಣೆಯ ಚಿತ್ರ ಸಂಗ್ರಹಾಲಯ ಕಟ್ಟಿದ ಪಿ.ಕೆ. ನಾಯರ್ ಅವರ ಬಗ್ಗೆ ಸಾಕ್ಷ್ಯಚಿತ್ರ ಮಾಡಿದವರು. ಹೆಗ್ಗೋಡಿನ ರೈತರಿಗೆ ಲೋಕದ ಸಿನಿಮಾ ಮುಟ್ಟಿಸಿದ್ದರಲ್ಲಿ ಪಾಲು ಇದ್ದ ನಾಯರ್ ಅವರೇ. ಇದೇ ಡುಂಗರ್‌ಪುರ್ ಮೆನ್ಝೆಲ್ ಅವರನ್ನು ಹುಡುಕಿಕೊಂಡು ಪ್ರಾಗ್‌ಗೆ ಹೋಗಿ, ವರ್ಷಗಟ್ಟಲೆ ಮಾತಾಡಿಸಿ, ಅವರ ಗೆಳೆಯರನ್ನೆಲ್ಲ ಕಂಡು, 2018ರಲ್ಲಿ ಏಳು ಗಂಟೆಗೂ ಜಾಸ್ತಿ ಉದ್ದದ ಸಾಕ್ಷ್ಯಚಿತ್ರ ಹೊರತಂದರು. ಏಳು ಗಂಟೆ ಅಂದರೆ ಬೇರೆ ಊರಿನವರು ಹೆದರುತ್ತಾರೆ. ರಾತ್ರಿ ಚೌಕಿ ಪೂಜೆಯಿಂದ ಬೆಳಗಿನ ಮಂಗಳದವರೆಗೆ ಆಟ ನೋಡಿದ ನಮಗೆ ಅದೇನು ಮಹಾ? ನಡುವೆ ಒಂದು ನಿದ್ದೆ ಹೊಡೆದರೂ ಕತೆ ಸಿಗುತ್ತದೆ.

ಪ್ರಶ್ನೆ (ಹೊಸಂಗಡಿಯ ಓದುಗರು): ಇಲ್ಲಿ ಕನ್ನಡ ಸಿನಿಮಾ ನೋಡಬೇಕಾದರೆ ಮಂಗಳೂರು ಬಸ್ ಹತ್ತಬೇಕು. ಕನ್ನಡ ಶಾಲೆಗೆ ಕನ್ನಡ ಬಾರದ ಮೇಷ್ಟ್ರು ಬರುತ್ತಾರೆ. ಇದರ ನಡುವೆ ನಿಮಗೆ ಚೆಕ್ ಸಿನಿಮಾ ಯಾಕೆ?

ಸಿಟ್ಟು ನ್ಯಾಯವಾದದ್ದು. ಶಾಲೆಯ ವಿಷಯ ಈ ಅಂಕಣದಲ್ಲಿ ನಾಲ್ಕು ಸಲ ಬಂದಿದೆ, ಐದನೇ ಸಲವೂ ಬರುತ್ತದೆ. ಆದರೆ ಒಂದು ಮಾತು. ಚೆಕ್ ಭಾಷೆ ಆಡುವವರು ಸುಮಾರು ಒಂದು ಕೋಟಿ. ಕನ್ನಡದವರು ನಾವು ಅದಕ್ಕಿಂತ ಎಷ್ಟೋ ಪಾಲು ಜಾಸ್ತಿ. ಅಷ್ಟು ಸಣ್ಣ ಭಾಷೆಯಲ್ಲಿ, ಹೊರಗಿನವರ ಕಾವಲಿನ ಕೆಳಗೆ, ಹಳ್ಳಿ ಸ್ಟೇಷನ್ನು, ಗುಜರಿ, ಲಾರಿ ಡ್ರೈವರು ಇಟ್ಟುಕೊಂಡು ಒಬ್ಬರು ಸಿನಿಮಾ ಮಾಡಿದರು. ಪರದೇಶದವರಿಗೆ ಅರ್ಥ ಆಗಬೇಕು ಅಂತ ತಮ್ಮ ಹಳ್ಳಿಯನ್ನು ತೊಳೆದು ಬಳಿದು ತೋರಿಸಲಿಲ್ಲ. ನಮ್ಮ ಮಕ್ಕಳು ಇದನ್ನು ನೋಡಿದರೆ, ಬಂದ್ಯೋಡಿನ ಬಸ್ ಸ್ಟಾಪಿನಲ್ಲಿ ಐದು ಭಾಷೆಯಲ್ಲಿ ನಡೆಯುವ ಜಗಳವನ್ನೂ ಸಿನಿಮಾ ಮಾಡಬಹುದು ಅಂತ ಗೊತ್ತಾಗುತ್ತದಲ್ವಾ. ಅಷ್ಟಕ್ಕೇ ಬರೆದದ್ದು.

ಪ್ರಶ್ನೆ (ಪೆರ್ಲದ ಹುಡುಗಿ, ಚಿತ್ರಕತೆ ಬರೆಯುವ ಆಸೆ): ಕಾದಂಬರಿಯನ್ನು ಇವರು ಸಿನಿಮಾ ಮಾಡುವಾಗ ಏನು ಬದಲಾಯಿಸುತ್ತಿದ್ದರು? ನನಗೂ ಒಂದು ಕತೆಯನ್ನು ಚಿತ್ರಕತೆ ಮಾಡಬೇಕು.

ಈ ಪ್ರಶ್ನೆಗೆ ಕೊನೆಯಲ್ಲಿ ಜಾಗ ಇಟ್ಟದ್ದು ಬೇಕೆಂದೇ ಮಗಳೇ.

ರೈಲಿನ ಸಿನಿಮಾದ ಚಿತ್ರಕತೆಯನ್ನು ಮೆನ್ಝೆಲ್ ಮತ್ತು ಹ್ರಬಾಲ್ ಕೂಡಿಯೇ ಬರೆದರು. ಹ್ರಬಾಲ್ ಯುದ್ಧದ ಕಾಲದಲ್ಲಿ ನಿಜವಾಗಿಯೂ ರೈಲ್ವೆ ಸ್ಟೇಷನ್ನಿನಲ್ಲಿ ಕೆಲಸ ಮಾಡಿದವರು, ಮುಂದೆ ಕ್ಲಾದ್ನೊದ ಉಕ್ಕಿನ ಕಾರ್ಖಾನೆಯಲ್ಲೂ ದುಡಿದರು. ಅಂದರೆ ಸೀಲು, ಸಿಗ್ನಲ್ಲು, ಗುಜರಿ ಯಾವುದೂ ಓದಿ ತಿಳಿದದ್ದಲ್ಲ. ಕಾದಂಬರಿ ಶುರುವಾಗುವಾಗ ಮಿಲೋಶ್ ಕೈ ಕೊಯ್ದುಕೊಂಡ ಸಂಗತಿ ಆಗಲೇ ನಡೆದುಹೋಗಿದೆ. ಹಿಂದೆ ಮುಂದೆ ಓಡಾಡುತ್ತಾ ಅದು ನಮಗೆ ತಿಳಿಯುತ್ತದೆ. ಸಿನಿಮಾದಲ್ಲಿ ಅವರು ಅದನ್ನು ನೇರ ಮಾಡಿದರು, ಮೊದಲ ದಿನದ ಟೋಪಿಯಿಂದ ಶುರು. ಹಾಗಾಗಿ ನಾವು ನಗುತ್ತಾ ನಗುತ್ತಾ ಬಂದು ಸ್ನಾನದ ಮನೆಯ ಕೆಂಪು ನೀರಿಗೆ ಕಾಲಿಡುತ್ತೇವೆ. ಕೊನೆಯೂ ಬೇರೆ. ಕಾದಂಬರಿಯಲ್ಲಿ ಸಾಯುತ್ತಿರುವ ಜರ್ಮನ್ ಸೈನಿಕನೊಬ್ಬನ ಪಕ್ಕ ಮಿಲೋಶ್ ಹಿಮದಲ್ಲಿ ಬಿದ್ದಿರುತ್ತಾನೆ, ಅದು ನಿಧಾನದ, ಎದೆ ಹಿಂಡುವ ಸಾವು. ಸಿನಿಮಾದಲ್ಲಿ ಎಲ್ಲ ಕೆಲವೇ ಕ್ಷಣ. ಅತ್ತ ಕೋಣೆಯೊಳಗೆ ಸೀಲಿನ ವಿಚಾರಣೆ ನಡೆಯುತ್ತಿರುವಾಗಲೇ ಇತ್ತ ಹೊರಗೆ ಆಗಬೇಕಾದ್ದು ಆಗಿಹೋಗುತ್ತದೆ. (ಕುಂಬಳೆಯ ಅಮ್ಮ ಈ ಭಾಗ ಓದಿಬಿಟ್ಟಿದ್ದರೆ ಕ್ಷಮಿಸಬೇಕು.)

ಮತ್ತೆ ಮಾತು. ಹ್ರಬಾಲ್ ಪುಸ್ತಕಗಳಲ್ಲಿ ವಾಕ್ಯಗಳು ಹೊಳೆಯ ಹಾಗೆ ಹರಿಯುತ್ತವೆ, ಮೆನ್ಝೆಲ್ ಸಿನಿಮಾದಲ್ಲಿ ಜನ ಅಷ್ಟೇನೂ ಮಾತಾಡುವುದಿಲ್ಲ. ಮಾತಿನ ಬದಲು ಒಂದು ವಸ್ತು ಇಡುತ್ತಾರೆ. ಟೋಪಿ, ಸೀಲು, ಏಳನೇ ಮೆಟ್ಟಿಲು. ಪಾವೆಕ್‌ನ ಸಿಟ್ಟು, ಪ್ರೀತಿ ಎರಡೂ ಆ ಮೆಟ್ಟಿಲಿನಲ್ಲಿ ಉಂಟು.

ನೀನು ಆರಿಸಿಕೊಂಡ ಕತೆ ಯಾವುದು ಅಂತ ಬರೆದಿಲ್ಲ. ಯಾವುದಾದರೂ ಆಗಲಿ, ಮೊದಲು ಅದರಲ್ಲಿರುವ ವಸ್ತುಗಳನ್ನು ಒಂದು ಚೀಟಿಯಲ್ಲಿ ಬರೆ. ಅಟ್ಟದಲ್ಲಿರುವ ಹಳೆ ಟ್ರಂಕು, ಅಜ್ಜಿಯ ಕವಳದ ಹರಿವಾಣ, ಎರಡು ಭಾಷೆಯ ರೇಷನ್ ಕಾರ್ಡು. ಪಾತ್ರಗಳ ಮಾತು ಆಮೇಲೆ ನೋಡಿದರಾಯಿತು. ಮೊದಲ ಹತ್ತು ಪುಟ ಆದ ಮೇಲೆ ಪತ್ರಿಕೆಯ ವಿಳಾಸಕ್ಕೆ ಕಳಿಸು. ಕೈಬರಹ ಆದರೂ ಅಡ್ಡಿ ಇಲ್ಲ, ಒಂದು ಬದಿಯಲ್ಲಿ ಮಾತ್ರ ಬರೆ. ನಾನು ಕೆಂಪು ಪೆನ್ನು ಹಿಡಿದು ಕಾಯುತ್ತಿರುತ್ತೇನೆ, ಅಡಿಕೆ ಕೊಯ್ಲು ಶುರುವಾಗುವ ಮೊದಲು ಬಂದರೆ ಒಳ್ಳೆಯದು.